ಒಬ್ಬರಿಗೇ ಜಾಗ

ಸಾಬೂನು ಕಾರ್ಖಾನೆಯಲ್ಲಿ ಅಚ್ಚು ಹೊಡೆಯುವ ಯಂತ್ರದ ಮುಂದೆ ನಿಂತೇ ಅವನ ಅರ್ಧ ಆಯಸ್ಸು ಕಳೆದಿತ್ತು. ಜೊತೆಯವರು ಅವನನ್ನು ಸೋಪಣ್ಣ ಎನ್ನುತ್ತಿದ್ದರು. ಕಚೇರಿಯ ಗುಮಾಸ್ತನೂ ಒಮ್ಮೊಮ್ಮೆ ಹಾಗೇ ಕೂಗಿ ನಾಲಿಗೆ ಕಚ್ಚಿಕೊಳ್ಳುತ್ತಿದ್ದ. ಸೋಪಣ್ಣನಿಗೆ ಅದರಲ್ಲಿ ಬೇಸರವೇನೂ ಇರಲಿಲ್ಲ. "ಊರಿಗೆ ಊರೇ ನಾನು ಕೊಟ್ಟಿದ್ರಲ್ಲಿ ಕೈ ತೊಳ್ಕೊಂಡು ಊಟಕ್ಕೆ ಕೂರುತ್ತೆ, ಗೊತ್ತಾ?" ಎಂದು ನಗುತ್ತಿದ್ದ.

ಅವನಿಗಿದ್ದ ಕೊರಗು ಒಂದೇ, ಮಗಳದ್ದು. ಪದವಿ ಮುಗಿಸಿ ವರ್ಷಗಳಾಗಿದ್ದರೂ ಅವಳಿಗೆ ಎಲ್ಲೂ ಕೆಲಸ ಸಿಕ್ಕಿರಲಿಲ್ಲ. ಹೋದಲ್ಲೆಲ್ಲ ಅನುಭವ ಇದೆಯಾ ಎನ್ನುತ್ತಿದ್ದರು. "ಯಾರೂ ಕೆಲಸ ಕೊಡದೆ ಅನುಭವ ಎಲ್ಲಿಂದ ತರ್ಲಿ, ಅಂಗಡೀಲಿ ಸಿಗುತ್ತಾ?" ಎಂದು ಅವಳು ಮನೆಗೆ ಬಂದು ಬ್ಯಾಗು ಎಸೆಯುತ್ತಿದ್ದಳು. ಬರಬರುತ್ತ ಎಸೆಯುವುದನ್ನೂ ಬಿಟ್ಟಳು, ಮೆತ್ತಗೆ ಮೂಲೆಗಿಡುತ್ತಿದ್ದಳು.

ಅಷ್ಟರಲ್ಲಿ ಸರ್ಕಾರ ಹೊಸ ಯೋಜನೆ ತಂದಿತು. ಇಪ್ಪತ್ತೈದರೊಳಗಿನ ನಿರುದ್ಯೋಗಿಗಳನ್ನು ಕೆಲಸಕ್ಕೆ ಸೇರಿಸಿಕೊಂಡ ಮಾಲೀಕರಿಗೆ ಒಂದು ವರ್ಷ ಅರ್ಧ ಸಂಬಳವನ್ನು ಸರ್ಕಾರವೇ ತುಂಬಿಕೊಡುತ್ತದೆ ಎಂದು ಟೀವಿಯಲ್ಲಿ ಮಂತ್ರಿಗಳು ಹೇಳಿದರು. ಮರುದಿನವೇ ಸೋಪಣ್ಣ ಇಸ್ತ್ರಿ ಅಂಗಿ ತೊಟ್ಟು ಮ್ಯಾನೇಜರ ಕೋಣೆಗೆ ಹೋದ. ಇಷ್ಟು ವರ್ಷದಲ್ಲಿ ಅವನು ತನಗಾಗಿ ಏನನ್ನೂ ಕೇಳಿದವನಲ್ಲ.

"ಮಗಳೊಬ್ಬಳಿದ್ದಾಳೆ ಸಾರ್. ಚುರುಕು ಹುಡುಗಿ."

ಮ್ಯಾನೇಜರು ಒಂದು ಕ್ಷಣ ಅವನನ್ನೇ ನೋಡಿದರು. "ಕಳಿಸಿ. ನೀವೇ ಕೆಲಸ ಕಲಿಸಿಬಿಡಿ."

ಅವತ್ತು ಸೋಪಣ್ಣನ ಕಾಲು ನೆಲದ ಮೇಲಿರಲಿಲ್ಲ. ಒಂದು ತಿಂಗಳು ಅಪ್ಪ ಮಗಳು ಒಂದೇ ಬಸ್ಸಿನಲ್ಲಿ ಹೋಗಿ ಒಂದೇ ಬಸ್ಸಿನಲ್ಲಿ ಬಂದರು. ಅಚ್ಚು ಬೀಳುವ ಮುಂಚೆ ಬೆರಳು ಹೇಗೆ ಎಳೆದುಕೊಳ್ಳಬೇಕು, ಸಾಬೂನಿನ ಅಂಚು ಒಡೆದರೆ ಏನು ಮಾಡಬೇಕು, ಎಲ್ಲವನ್ನೂ ತೋರಿಸಿಕೊಟ್ಟ. ಮಗಳು ಬೇಗ ಕಲಿತಳು. ತಿಂಗಳ ಕೊನೆಗೆ ಮ್ಯಾನೇಜರು ಅವನನ್ನು ಒಳಗೆ ಕರೆದು ಕೂರಿಸಿದರು. ಆ ಕೋಣೆಯಲ್ಲಿ ಅವನು ಅಲ್ಲಿಯವರೆಗೆ ಕೂತೇ ಇರಲಿಲ್ಲ.

"ಯಂತ್ರ ಒಂದೇ, ಇಬ್ಬರನ್ನ ಇಟ್ಕೊಳ್ಳೋಕೆ ಆಗಲ್ಲ. ನೀವು ಸ್ವಂತ ಇಚ್ಛೆಯಿಂದ ಬಿಡ್ತಿದೀನಿ ಅಂತ ಬರೆದುಕೊಡಿ."

"ನಾನ್ಯಾಕೆ ಬಿಡ್ಲಿ ಸಾರ್?"

"ನೋಡಿ, ಹಳಬರನ್ನ ತೆಗೆದು ಹೊಸಬರನ್ನ ತಗೊಂಡ್ರೆ ಸರ್ಕಾರದ ದುಡ್ಡು ಬರಲ್ಲ. ನಿಯಮ ಹಾಗಿದೆ, ನಿಮ್ಮಂಥವರನ್ನ ಕಾಪಾಡೋಕೇ ಮಾಡಿರೋದು. ನೀವಾಗೇ ಬಿಟ್ರೆ ಸರಿ. ಇಲ್ಲಾಂದ್ರೆ ಮೊದಲು ಮಗಳನ್ನ ಕಳಿಸಬೇಕಾಗುತ್ತೆ. ಆಮೇಲೆ ನಿಮ್ಮದನ್ನ ನೋಡೋಣ."

ಗಾಜಿನಾಚೆ ಮಗಳು ಯಂತ್ರದ ಮುಂದೆ ನಿಂತಿದ್ದಳು. ಪಕ್ಕದವಳು ಏನೋ ಹೇಳಿದಳು, ಮಗಳು ನಕ್ಕಳು. ಅವಳು ಹಾಗೆ ನಕ್ಕು ಎಷ್ಟು ಕಾಲವಾಗಿತ್ತೋ. ಸೋಪಣ್ಣ ಪೆನ್ನು ಕೇಳಿ ಪಡೆದ.

ಮನೆಯಲ್ಲಿ ಬೆನ್ನುನೋವಿನ ನೆಪ ಹೇಳಿದ. "ನಿಮಗೆ ಯಾವಾಗ್ರೀ ಬಂತು ಬೆನ್ನುನೋವು?" ಎಂದು ಹೆಂಡತಿ ಬೆರಗಾದಳು. ಆದರೆ ಅವಳೂ ಹೆಚ್ಚು ಕೆದಕಲಿಲ್ಲ. ನಿಜ ಮಗಳಿಗೆ ಗುಮಾಸ್ತನ ಬಾಯಿಂದ ಗೊತ್ತಾಯಿತು. ಅವತ್ತು ಅವಳು ಬಾಗಿಲಲ್ಲೇ ನಿಂತು ಕೂಗಾಡಿದಳು.

"ನಿನ್ನ ತಟ್ಟೆಯಿಂದ ಕಿತ್ಕೊಂಡು ನಾನು ತಿನ್ಬೇಕಾ ಅಪ್ಪ? ನಾಳೆಯಿಂದ ನಾನು ಹೋಗಲ್ಲ."

"ನೀನು ಬಿಟ್ರೆ ನನ್ನನ್ನ ಕರೀತಾರೆ ಅಂದ್ಕೊಂಡ್ಯಾ? ಇನ್ಯಾರದೋ ಮಗಳು ಬಂದು ನಿಲ್ತಾಳೆ. ಸುಮ್ನೆ ಹೋಗು."

ಅವಳು ಹೋದಳು. ಆದರೆ ಅಂದಿನಿಂದ ಊಟಕ್ಕೆ ಅಪ್ಪನ ಎದುರು ಕೂರುವುದನ್ನು ಬಿಟ್ಟಳು. ಸಂಜೆ ಅವಳು ಒಳಬಂದರೆ ಆ ಸಾಬೂನಿನ ವಾಸನೆ ಮನೆಯೆಲ್ಲ ತುಂಬುತ್ತಿತ್ತು. ಸೋಪಣ್ಣ ಎದ್ದು ಮಹಡಿಗೆ ಹೋಗಿಬಿಡುತ್ತಿದ್ದ.

ಅವನು ಕೆಲಸ ಹುಡುಕದೆ ಕೂರಲಿಲ್ಲ. ಗೋದಾಮು, ಮುದ್ರಣಾಲಯ, ಬಸ್ ಡಿಪೋ, ಎಲ್ಲೆಡೆ ತಿರುಗಿದ. ಎಲ್ಲರಿಗೂ ಬೇಕಿದ್ದದ್ದು ಅರ್ಧ ಸಂಬಳದ ಹುಡುಗರು. ಉದ್ಯೋಗ ಕಚೇರಿಯ ಕಿಟಕಿಯಲ್ಲಿದ್ದ ಹೆಂಗಸು ಅವನ ಕಾಗದ ನೋಡಿ ನಿಟ್ಟುಸಿರು ಬಿಟ್ಟಳು.

"ನಿರುದ್ಯೋಗ ಭತ್ಯೆ ನಿಮಗೆ ಬರಲ್ಲ ಅಣ್ಣಾ. ಕೆಲಸ ಹೋದವರಿಗೆ ಮಾತ್ರ. ನೀವು ನೀವಾಗೇ ಬಿಟ್ಟಿದೀರಿ."

"ನಾನಾಗೇ ಬಿಟ್ಟಿಲ್ಲ ತಾಯಿ."

"ಸಹಿ ಇದೆಯಲ್ಲ," ಎಂದು ಅವಳು ಪಾಪ, ಮೆಲ್ಲಗೇ ಹೇಳಿದಳು.

ವರ್ಷ ತುಂಬಿತು. ಒಂದು ಮಧ್ಯಾಹ್ನ ಮಗಳು ಬೇಗ ಮನೆಗೆ ಬಂದು, ಚಪ್ಪಲಿಯನ್ನೂ ಬಿಚ್ಚದೆ ಕುರ್ಚಿಯಲ್ಲಿ ಕೂತಳು. ಸರ್ಕಾರದ ಅರ್ಧ ನಿಂತಿತ್ತು, ಅವಳ ಕೆಲಸವೂ ನಿಂತಿತ್ತು. ವರ್ಷದ ಕರಾರು ಮುಗಿದದ್ದು ನಿಯಮದ ಲೆಕ್ಕದಲ್ಲಿ ಕೆಲಸದಿಂದ ತೆಗೆದಂತಲ್ಲವಂತೆ. ಅವಳ ಜಾಗಕ್ಕೆ ಆಗಲೇ ಇನ್ನೊಬ್ಬ ಹುಡುಗಿ ಬಂದಿದ್ದಳು. ಅವಳಿಗೆ ಕೆಲಸ ಕಲಿಸಿದ್ದೂ ಇವಳೇ.

ಸೋಪಣ್ಣ ಮಾನ ಬಿಟ್ಟು ಮತ್ತೆ ಮ್ಯಾನೇಜರ ಮುಂದೆ ನಿಂತ. "ನನಗೂ ಅರ್ಧವೇ ಕೊಡಿ ಸಾರ್. ಸರ್ಕಾರದ ಹಂಗೇ ಬೇಡ."

"ಕನಿಷ್ಠ ವೇತನಕ್ಕಿಂತ ಕಡಿಮೆ ಕೊಟ್ರೆ ನನ್ನ ಮೇಲೆ ಕೇಸಾಗುತ್ತೆ. ಕಾನೂನು ನಿಮ್ಮ ಕಡೆಗಿದೆ," ಎಂದರು ಅವರು. ಅದನ್ನು ಅವರು ವ್ಯಂಗ್ಯವಾಗಿ ಹೇಳಲಿಲ್ಲ.

ಮಗಳು ಬೇರೆ ಕಾರ್ಖಾನೆಗಳಿಗೆ ಹೋದಳು. ಈಗ ಅನುಭವವಿತ್ತು. ಆದರೆ ಒಮ್ಮೆ ಯೋಜನೆಯಲ್ಲಿ ಕೆಲಸ ಪಡೆದವರಿಗೆ ಮತ್ತೆ ಅದು ಅನ್ವಯವಾಗುವುದಿಲ್ಲ, ಹಾಗಾಗಿ ಅವಳನ್ನು ತೆಗೆದುಕೊಂಡರೆ ಮಾಲೀಕರಿಗೆ ಲಾಭವಿಲ್ಲ. "ಅಪ್ಪ, ಇಪ್ಪತ್ನಾಲ್ಕಕ್ಕೇ ನನಗೆ ವಯಸ್ಸಾಗಿಹೋಯ್ತು," ಎಂದು ಒಂದು ದಿನ ನಕ್ಕಳು. ಆ ನಗು ನೋಡಲಾರದೆ ಸೋಪಣ್ಣ ಗೋಡೆಯ ಕಡೆ ತಿರುಗಿದ.

ಕೊನೆಗೆ ಕೆಲಸ ಸಿಕ್ಕಿದ್ದು ಹೆಂಡತಿಗೆ. ಯಾವ ಯೋಜನೆಯ ಲೆಕ್ಕಕ್ಕೂ ಸೇರದ ಕೆಲಸ, ಮೂರು ಮನೆಗಳ ಪಾತ್ರೆ ತಿಕ್ಕುವುದು. ಮಂಡಿನೋವಿನವಳು. ಬೆಳಕು ಹರಿಯುವ ಮುಂಚೆ ಎದ್ದು, ಇಬ್ಬರಿಗೂ ಅಡುಗೆ ಮುಚ್ಚಿಟ್ಟು, ಸದ್ದಾಗದಂತೆ ಬಾಗಿಲು ಎಳೆದುಕೊಂಡು ಹೋಗುತ್ತಿದ್ದಳು. ಸೋಪಣ್ಣ ಎಚ್ಚರವಿದ್ದೂ ಕಣ್ಣು ಮುಚ್ಚಿಕೊಂಡಿರುತ್ತಿದ್ದ. ಎದ್ದು ಅವಳ ಮುಖ ನೋಡುವ ಧೈರ್ಯ ಅವನಿಗಿರಲಿಲ್ಲ.

ಒಂದು ದಿನ ಬಿಸಿಲು ನೆತ್ತಿಗೇರಿದರೂ ಮಗಳು ಹೊದಿಕೆಯಿಂದ ಹೊರಗೆ ಬರಲಿಲ್ಲ. ಅವನು ಬಾಗಿಲವರೆಗೆ ಹೋಗಿ "ಏಳಮ್ಮ" ಎಂದ.

"ಎದ್ದು ಏನ್ ಮಾಡ್ಲಿ ಅಪ್ಪ?"

ಅವನು ಒಳಗೆ ಬಂದ. ಕಿಟಕಿಯ ಪರದೆ ಎಳೆದು, ಅವಳ ಮುಖಕ್ಕೆ ಬೀಳುತ್ತಿದ್ದ ಬಿಸಿಲನ್ನು ಮರೆ ಮಾಡಿ, ತಾನೂ ಹೋಗಿ ಮಲಗಿಕೊಂಡ.