ಜ್ವರ ಬರೆಯದ ವಕೀಲರು

ಜ್ವರವೆಂದರೆ ಅವರಿಗೆ ಆಗುತ್ತಿರಲಿಲ್ಲ. ಮೈಗೆ ಬರುವ ಜ್ವರವಲ್ಲ. ಕೌಟುಂಬಿಕ ನ್ಯಾಯಾಲಯದಲ್ಲಿ ಹೆಸರು ಕೂಗಿದಾಗ ಹಾಜರಿಲ್ಲದೆ ಮೊಕದ್ದಮೆ ವಜಾ ಮಾಡಿಸಿಕೊಂಡವರಿಗೆಲ್ಲ, ಗೈರಿಗೆ ಕಾರಣ ಹೇಳುವ ಪ್ರಮಾಣಪತ್ರದ ಹಾಳೆಯ ಮೇಲೆ, ತಪ್ಪದೆ ಬರುವ ಜ್ವರ. ಅಂಥ ಮೊಕದ್ದಮೆಗಳಿಗೆ ಮರಳಿ ಜೀವ ಕೊಡಿಸುವುದನ್ನೇ ಕಸುಬಾಗಿಸಿಕೊಂಡಿದ್ದ ಆಕೆಯನ್ನು ನಾವು ವಕೀಲರೆಲ್ಲ ಬೆನ್ನಹಿಂದೆ ‘ಮತ್ತೊಮ್ಮೆ ಮೇಡಂ’ ಎನ್ನುತ್ತಿದ್ದೆವು. ಅವರಿಗೂ ಅದು ಗೊತ್ತಿತ್ತು.

ಕಡತದ ಚೀಲದ ಭಾರಕ್ಕೆ ಎಡಭುಜ ಇಳಿದು, ನಡೆಯುವಾಗ ಯಾವುದೋ ಬಾಗಿಲಿಗೆ ಕಿವಿಗೊಟ್ಟವರಂತೆ ಕಾಣುತ್ತಿದ್ದರು. ಕರಿಯ ಕೋಟು ಮೊಣಕೈಯಲ್ಲಿ ಬೂದುಬಣ್ಣಕ್ಕೆ ತಿರುಗಿತ್ತು, ಗುಂಡಿಗಳಲ್ಲೊಂದು ಕಂದು. ಕಕ್ಷಿದಾರರು ಅಳುತ್ತ ಬಂದರೆ ಮೊದಲು ನೀರು, ಆಮೇಲೆ ಅದೇ ಮಾತು: “ನೀವು ಸೋತಿಲ್ಲ. ಬಾಗಿಲು ಮುಚ್ಚಿದೆ, ಚಿಲಕ ಹಾಕಿಲ್ಲ.” ವಜಾ ಮಾಡಿದ ನ್ಯಾಯಾಲಯಕ್ಕೇ ಮರುಸ್ಥಾಪನೆಯ ಅರ್ಜಿ, ಗಡುವು ಮೀರಿದ್ದರೆ ವಿಳಂಬ ಮನ್ನಿಸಲು ಇನ್ನೊಂದು, ಒಪ್ಪದಿದ್ದರೆ ಮೇಲಿನ ನ್ಯಾಯಾಲಯ, ಮಕ್ಕಳ ವಿಷಯವಾದರೆ ಹೊಸದಾಗಿ ಕೇಳಲೂ ದಾರಿ ಉಂಟು ಎಂದೆಲ್ಲ ಅಡುಗೆ ಹೇಳಿಕೊಟ್ಟಷ್ಟು ಸಲೀಸಾಗಿ ವಿವರಿಸಿ, ಕೊನೆಗೆ ಕನ್ನಡಕ ತೆಗೆದು ಕೇಳುತ್ತಿದ್ದರು: “ಈಗ ಹೇಳಿ, ಆವತ್ತು ನಿಜವಾಗಿ ಎಲ್ಲಿದ್ರಿ?”

ನನ್ನ ಮೇಜು ಅವರ ಪಕ್ಕದಲ್ಲೇ. ಒಮ್ಮೆ ಹೊಲಿಗೆ ಕೆಲಸದ ಹೆಂಗಸೊಬ್ಬಳು ಬಂದಳು. ಗಂಡನ ಬಳಿಯಿದ್ದ ಐದು ವರ್ಷದ ಮಗಳನ್ನು ಆಗಾಗ ನೋಡಲು ಅನುಮತಿ ಬೇಡಿದ್ದ ಅರ್ಜಿ ವಜಾ ಆಗಿತ್ತು. ಎಲ್ಲಿದ್ದೆ ಎಂದರೆ, “ಕೋರ್ಟಿನ ಬೆಂಚ್ ಮೇಲೇ” ಎಂದಳು. ಮನೆಯಲ್ಲಿ ನೋಡಿಕೊಳ್ಳುವವರಿಲ್ಲದೆ ಗಂಡ ಮಗುವನ್ನು ಕರೆತಂದು, ಹೊರಗಿನ ಬೆಂಚಿನಲ್ಲಿ ಕೂರಿಸಿ ಒಳಗೆ ಹೋಗಿದ್ದ. ಎಷ್ಟೋ ತಿಂಗಳಿಂದ ಕಾಣದ ಮಗು ಇವಳ ತೊಡೆಯ ಮೇಲೆ ತಲೆಯಿಟ್ಟು ನಿದ್ದೆಹೋಗಿತ್ತು. “ನನ್ನ ಹೆಸರು ಕೂಗಿದ್ದು ಕೇಳಿಸ್ತು ಮೇಡಂ. ಏಳೋಕೆ ಆಗ್ಲಿಲ್ಲ.”

“ಅಯ್ಯೋ, ಕೇಳಿಸ್ತು ಅಂತ ಬರೆದ್ರೆ ಕೇಸು ಮುಳುಗಿದ ಹಾಗೇ! ಒಂದು ಜ್ವರ ಬರೆದು ಕೈತೊಳ್ಕೊಳ್ಳಿ” ಎಂದು ನಾನು ಹೌಹಾರಿದೆ. ಅವರು ನನ್ನತ್ತ ತಿರುಗಲೂ ಇಲ್ಲ. “ಇನ್ನೊಂದ್ಸಲ ಹೇಳಮ್ಮಾ, ನಿಧಾನಕ್ಕೆ” ಎಂದು ಬರೆಯತೊಡಗಿದರು. ಎಂಥ ಹಟಮಾರಿ ಎಂದು ನನಗೆ ಮೈಯೆಲ್ಲ ಉರಿದುಹೋಯಿತು.

ವಿಚಾರಣೆಯ ದಿನ ಎದುರು ವಕೀಲರು ಪ್ರಮಾಣಪತ್ರವನ್ನು ಎತ್ತಿ ಹಿಡಿದು, ಬೇಕೆಂದೇ ಗೈರಾದವಳಿಗೆ ಕನಿಕರವೇಕೆ ಎಂದರು. ನ್ಯಾಯಾಧೀಶರು ಅದನ್ನು ಓದಿ, ಅವಳನ್ನೇ ಕೇಳಿದರು: “ಮಗೂನ ಎಬ್ಬಿಸಬಹುದಿತ್ತಲ್ಲಮ್ಮಾ?”

“ಎದ್ದಿದ್ರೆ ಅವರಪ್ಪನ ಹತ್ರ ಹೋಗಿಬಿಡ್ತಿದ್ಲು, ಸ್ವಾಮಿ.”

ಎದುರು ವಕೀಲರು ಮೆಲ್ಲಗೆ ಕುಳಿತರು. ಅರ್ಜಿ ಮರುಸ್ಥಾಪನೆಯಾಯಿತು. ಹೊರಗೆ ಬಂದಾಗ ಅವಳು ಕೈಮುಗಿದಳು. ಮೇಡಂ ಮಾತ್ರ ಗದರಿದರು: “ಮುಂದಿನ ಸಲ ಹೆಸರು ಕೂಗಿದ್ರೆ, ಮಗೂನ ಎತ್ಕೊಂಡೇ ಒಳಗೆ ಬಾ.”

ಅವರೀಗ ಇಲ್ಲ. ಪಕ್ಕದ ಮೇಜಿಗೆ ಬೇರೆಯವರು ಬಂದಿದ್ದಾರೆ, ಕಡತಗಳಲ್ಲಿ ಮತ್ತೆ ಜ್ವರ ಏರಿದೆ. ವಾದಿಸಿ ಗೆಲ್ಲಿಸುವ ನಮ್ಮಂಥವರಿಗೆ ಲೋಕದಲ್ಲಿ ಬರವಿಲ್ಲ. ಆದರೆ ಹೆಸರು ಕೂಗಿದಾಗ ಒಂದಲ್ಲ ಒಂದು ಸಲ ನಾವೆಲ್ಲರೂ ಬೇರೆಲ್ಲೋ ಇದ್ದವರೇ; ಎಲ್ಲಿದ್ದೆ ಎಂದು ಕೇಳಿ, ಹೇಳಿದ್ದನ್ನು ಹೇಳಿದ ಹಾಗೆಯೇ ಬರೆದುಕೊಳ್ಳುವವರು ಒಬ್ಬರು ಸಿಕ್ಕರೆ, ಅದು ನಮ್ಮ ಪುಣ್ಯ.