ನಾನು ಹಿಡಿದಿಟ್ಟ ನಗು

ನಾನು ಒಂದು ಟೇಪ್‌ರೆಕಾರ್ಡರ್. ಉದ್ದನೆಯ ಮೇಜಿನ ಎರಡೂ ಕಡೆ ಕೂತ ಹೆಂಗಸರು ನನ್ನನ್ನು ಕೈಯಿಂದ ಕೈಗೆ ದಾಟಿಸುತ್ತ ಜೋಡಿಸಿದರು. ಒಬ್ಬಳು ಮೋಟಾರು ಕೂರಿಸಿದಳು, ಇನ್ನೊಬ್ಬಳು ತಂತಿ ಬೆಸೆದಳು. ಕೊನೆಯವಳು ಗುಂಡಿ ಒತ್ತಿ "ಒಂದು, ಎರಡು, ಮೂರು" ಎಂದಳು. ಟೇಪು ಹಿಂದಕ್ಕೆ ಸುತ್ತಿದ ಮೇಲೆ ನಾನೂ ಹಾಗೆಯೇ ಎಂದೆ. ಅದು ನನ್ನ ಮೊದಲ ಮಾತು, ಅದೂ ನನ್ನದಲ್ಲ.

ಮೈಸೂರಿನಲ್ಲಿ ನನ್ನನ್ನು ಮೊದಲು ಕೊಂಡವರು ಒಬ್ಬ ಸಂಗೀತದ ಮೇಷ್ಟ್ರು. ಶಿಷ್ಯರು ಹಾಡಿದ್ದನ್ನು ನನ್ನಿಂದ ತಿರುಗಿ ಹೇಳಿಸುತ್ತಿದ್ದರು. "ನಾನು ಹೇಳಿದ್ರೆ ಬೇಜಾರು ಮಾಡ್ಕೋತೀರಿ. ಇದಕ್ಕೆ ಯಾರ ಮೇಲೂ ದ್ವೇಷ ಇಲ್ಲ, ಇದ್ದದ್ದು ಹೇಳುತ್ತೆ" ಎನ್ನುತ್ತಿದ್ದರು. ಆ ಮಾತಿಗೆ ನಾನು ಒಳಗೊಳಗೇ ಉಬ್ಬುತ್ತಿದ್ದೆ. ಇದ್ದದ್ದು ಹೇಳುವುದರಲ್ಲಿ ಕೆಡುಕೇನಿದೆ ಎಂದುಕೊಂಡಿದ್ದ ಕಾಲ ಅದು.

ಮೇಷ್ಟ್ರ ಕಿವಿ ಮಂದವಾದ ಮೇಲೆ ನಾನು ದೇವೀರಮ್ಮ ಎಂಬವಳ ಕೈಗೆ ಬಂದೆ. ಅವಳು ಊರಾಚೆಯ ಒಂದು ಶೆಡ್ಡಿನಲ್ಲಿ ಊದಿನಕಡ್ಡಿ ಹೊಸೆಯುತ್ತಿದ್ದಳು. ಹಾಡು ಕೇಳುತ್ತ ಕೆಲಸ ಮಾಡಬಹುದೆಂದು ನನ್ನನ್ನು ಅಲ್ಲಿಗೇ ಒಯ್ದಳು. ಮೂವತ್ತು ಹೆಂಗಸರು ಸಾಲಾಗಿ ನೆಲದ ಮೇಲೆ ಕೂತು, ಮುಂದೆ ಮಣೆ ಇಟ್ಟುಕೊಂಡು, ಕಪ್ಪು ಹಿಟ್ಟನ್ನು ಕಡ್ಡಿಗೆ ಸುತ್ತುತ್ತಿದ್ದರು. ಸಂಜೆಯ ಹೊತ್ತಿಗೆ ಬೆನ್ನು ನೆಟ್ಟಗಾಗುತ್ತಿರಲಿಲ್ಲ, ಅಂಗೈ ಬೆಂಕಿ ತಾಗಿದ ಹಾಗೆ ಉರಿಯುತ್ತಿತ್ತು.

ಅಲ್ಲಿ ನನ್ನ ಹಾಡು ಯಾರಿಗೂ ಬೇಕಾಗಲಿಲ್ಲ. ಅವರಿಗೆ ಚೆಲುವಾಜಮ್ಮ ಇದ್ದಳು.

ಚೆಲುವಾಜಮ್ಮ ದಪ್ಪನೆಯ, ನಿಧಾನದ ಹೆಂಗಸು. ತಾನು ನಗುತ್ತಿರಲಿಲ್ಲ. ಮಧ್ಯಾಹ್ನ ಬುತ್ತಿ ಮುಚ್ಚಿದ ಮೇಲೆ ಎದ್ದು ನಿಂತು ಸೂಪರ್‌ವೈಸರ್ ಪಾಲಾಕ್ಷಯ್ಯ ಆಗಿಬಿಡುತ್ತಿದ್ದಳು. ಆತ ಮಾತಿಗೊಂದು ಸಲ "ಒಟ್ನಲ್ಲಿ" ಎನ್ನುವವನು, ಕನ್ನಡಕವನ್ನು ಹಣೆಗೇರಿಸಿಕೊಂಡು ಶೆಡ್ಡೆಲ್ಲ ಹುಡುಕುವವನು. "ಒಟ್ನಲ್ಲಿ ನಿಮಗ್ಯಾರಿಗೂ ಶಿಸ್ತಿಲ್ಲ" ಎಂದು ಅವಳು ಗಂಟಲು ಸರಿಮಾಡಿಕೊಳ್ಳುತ್ತಿದ್ದಳು. "ಶಿಸ್ತು ಇಲ್ಲೇ ಎಲ್ಲೋ ಇಟ್ಟಿದ್ದೆ. ಒಟ್ನಲ್ಲಿ ಅದನ್ನ ಹುಡುಕಕ್ಕೆ ಕನ್ನಡಕ ಬೇಕು. ಕನ್ನಡಕ ಹುಡುಕಕ್ಕೆ ಇನ್ನೊಂದು ಕನ್ನಡಕ ಬೇಕು."

ಮೂವತ್ತು ಜನ ಒಟ್ಟಿಗೆ ನಗುವಾಗ ತಗಡಿನ ಸೂರು ಅದುರುತ್ತಿತ್ತು. ಜಯಶೀಲ ಎಂಬವಳೊಬ್ಬಳಿದ್ದಳು. ಕೂಸು ಹೋದ ಮೇಲೆ ಎರಡು ತಿಂಗಳು ಬಾಯಿಬಿಟ್ಟಿರಲಿಲ್ಲ, ಬುತ್ತಿಯನ್ನು ಹಾಗೇ ಮನೆಗೆ ಒಯ್ಯುತ್ತಿದ್ದಳು. ಒಂದು ದಿನ ಕನ್ನಡಕದ ಮಾತಿಗೆ ಅವಳಿಗೂ ನಗು ಬಂದುಬಿಟ್ಟಿತು. ನಕ್ಕು, ಅತ್ತು, ಆಮೇಲೆ ಡಬ್ಬಿ ತೆಗೆದು ಊಟ ಮಾಡಿದಳು. ಚೆಲುವಾಜಮ್ಮ ಅವಳ ಡಬ್ಬಿಗೆ ಒಂದು ತುಂಡು ಉಪ್ಪಿನಕಾಯಿ ಹಾಕಿ ತನ್ನ ಜಾಗಕ್ಕೆ ಹೋದಳು.

ಎಲ್ಲರಿಗಿಂತ ಜೋರಾಗಿ ನಗುತ್ತಿದ್ದವಳು ನನ್ನ ಒಡತಿ. ದೇವೀರಮ್ಮ ನಗುತ್ತ ನಗುತ್ತ ಚೆಲುವಾಜಮ್ಮನ ಭುಜಕ್ಕೆ ಒರಗಿಬಿಡುತ್ತಿದ್ದಳು. ಇಬ್ಬರೂ ಹತ್ತು ವರ್ಷ ಅಕ್ಕಪಕ್ಕದ ಮಣೆಯವರು. ನನಗೆ ಧೂಳು ಹೊಡೆಯಬಾರದೆಂದು ಹಸಿರು ಬಟ್ಟೆಯ ಗವಸು ಹೊಲಿದುಕೊಟ್ಟವಳೂ ಚೆಲುವಾಜಮ್ಮನೇ.

ಆ ವರ್ಷ ದೇವೀರಮ್ಮನ ಮಣಿಕಟ್ಟು ಊದಿಕೊಂಡಿತು. ಕಡ್ಡಿ ಹೊಸೆಯುವಾಗ ತುಟಿ ಕಚ್ಚುತ್ತಿದ್ದಳು. ಮೇಸ್ತ್ರಿಯ ಜಾಗ ಖಾಲಿಯಿತ್ತು. ಮೇಸ್ತ್ರಿ ಕಡ್ಡಿ ಹೊಸೆಯಬೇಕಾಗಿಲ್ಲ, ಓಡಾಡಿ ನೋಡಿಕೊಂಡರೆ ಸಾಕು. ಅವಳು ಕೇಳಲು ಹೋದಾಗ ಪಾಲಾಕ್ಷಯ್ಯ, "ಯಾರೋ ನನ್ನನ್ನ ಆಡ್ಕೊಂಡು ನಗಿಸ್ತಾರಂತಲ್ಲ, ಒಟ್ನಲ್ಲಿ ಅದು ಯಾರು ಅಂತ ತೋರಿಸು. ಆಮೇಲೆ ನೋಡೋಣ" ಎಂದ.

ಮರುದಿನ ಊಟವಾದ ಮೇಲೆ ಚೆಲುವಾಜಮ್ಮ ಎದ್ದು ನಿಂತಳು. ದೇವೀರಮ್ಮ ಗವಸಿನೊಳಗೆ ಕೈ ಹಾಕಿ ಗುಂಡಿ ಒತ್ತಿದಳು. ಕ್ಷಣ ಕಳೆದು ಕನ್ನಡಕದ ಮಾತಿಗೆ ಅವಳೂ ನಕ್ಕಳು. ಅದು ನಾಟಕದ ನಗುವಲ್ಲ, ನಿಜವಾದ ನಗು. ಒತ್ತಿದ್ದನ್ನೂ ನಕ್ಕದ್ದನ್ನೂ ನಾನೇ ಕಂಡೆ.

ಸಂಜೆ ಪಾಲಾಕ್ಷಯ್ಯ ತನ್ನ ಕೋಣೆಗೆ ಚೆಲುವಾಜಮ್ಮನನ್ನು ಕರೆಸಿ ನನ್ನನ್ನು ಹಾಕಿದ. ನಾನು ಒಂದಕ್ಷರ ಬಿಡದೆ ಒಪ್ಪಿಸಿದೆ.

"ಇದು ನಿನ್ನ ದನಿಯೇನಮ್ಮ?"

ಅವಳು ಅವನನ್ನು ನೋಡಲಿಲ್ಲ. ಹಸಿರು ಗವಸನ್ನು ನೋಡಿದಳು.

"ಹೌದು ಸ್ವಾಮಿ, ನಂದೇ."

"ನಾಳೆಯಿಂದ ಬರಬೇಡ."

ಅವಳು ಬುತ್ತಿಡಬ್ಬಿ ಎತ್ತಿಕೊಂಡು ಬಾಗಿಲ ಬಳಿ ಕೂತಿದ್ದ ದೇವೀರಮ್ಮನ ಮುಂದೆಯೇ ಹಾದುಹೋದಳು.

ದೇವೀರಮ್ಮ ಮೇಸ್ತ್ರಿಯಾದಳು. ಅವಳು ಹತ್ತಿರ ಬಂದರೆ ಸಾಲಿಗೆ ಸಾಲೇ ಮಾತು ನಿಲ್ಲಿಸುತ್ತಿತ್ತು. ಜಯಶೀಲ ಮತ್ತೆ ಬುತ್ತಿಯನ್ನು ಅರ್ಧಕ್ಕೇ ಮುಚ್ಚತೊಡಗಿದಳು. ತಲೆನೋವು, ಜ್ವರ ಎಂದು ರಜೆ ಹಾಕುವವರು ಹೆಚ್ಚಾದರು. ಒಂದು ದಿನ ಪಾಲಾಕ್ಷಯ್ಯನೇ ಶೆಡ್ಡಿನ ನಡುವೆ ನಿಂತು, "ಏನಮ್ಮ ಇದು, ಸಾವಿನ ಮನೆ ಥರ? ಒಟ್ನಲ್ಲಿ ಯಾರಾದ್ರೂ ಏನಾದ್ರೂ ಮಾತಾಡಿ" ಎಂದ. ಅವನ ಕನ್ನಡಕ ಹಣೆಯ ಮೇಲಿತ್ತು. ಒಬ್ಬರೂ ತಲೆಯೆತ್ತಲಿಲ್ಲ.

ಮನೆಯಲ್ಲಿ ದೇವೀರಮ್ಮ ನನ್ನನ್ನು ಕಪಾಟಿನ ಹಿಂದೆ ಇಟ್ಟಳು. ನಾನೂ ಅದನ್ನೇ ಬಯಸಿದ್ದೆ. ಇದ್ದದ್ದನ್ನೇ ಹೇಳಿ ಇಷ್ಟು ದೊಡ್ಡ ದ್ರೋಹ ಮಾಡಬಹುದೆಂದು ಮೇಷ್ಟ್ರು ನನಗೆ ಕಲಿಸಿರಲಿಲ್ಲ.

ಹನ್ನೊಂದು ವರ್ಷಗಳ ನಂತರ ಕಡ್ಡಿ ಹೊಸೆಯುವ ಯಂತ್ರಗಳು ಬಂದವು, ಶೆಡ್ಡು ಮುಚ್ಚಿತು. ಒಂದು ಭಾನುವಾರ ದೇವೀರಮ್ಮ ನನ್ನನ್ನು ಚೀಲದಲ್ಲಿಟ್ಟುಕೊಂಡು ಚೆಲುವಾಜಮ್ಮನ ಮನೆಗೆ ಹೋದಳು. ಚೆಲುವಾಜಮ್ಮ ಈಗ ಹೂ ಕಟ್ಟುತ್ತಿದ್ದಳು. ಕೂದಲು ನರೆತಿತ್ತು. ಚಾಪೆ ತೋರಿಸಿ ಕಾಫಿ ಕೊಟ್ಟಳು. ದೇವೀರಮ್ಮ ನನ್ನನ್ನು ಚೀಲದಿಂದ ಹೊರಗಿಟ್ಟು ಗುಂಡಿ ಒತ್ತಿದಳು.

ಕನ್ನಡಕದ ಮಾತು ಬಂತು. ಮೂವತ್ತು ಜನರ ನಗು ಬಂತು. ಅವುಗಳ ಮೇಲೆ ದೇವೀರಮ್ಮನದು, ಎಲ್ಲಕ್ಕಿಂತ ಹತ್ತಿರದ್ದು.

ಚೆಲುವಾಜಮ್ಮ ಹೂವನ್ನು ಕೆಳಗಿಟ್ಟಳು. "ಒಂದು ಕೇಳ್ತೀನಿ ದೇವೀ. ನಕ್ಕು ಆಮೇಲೆ ಗುಂಡಿ ಒತ್ತಿದ್ಯಾ, ಒತ್ತಿ ಆಮೇಲೆ ನಕ್ಕೆಯಾ?"

"ಒತ್ತಿ ಆಮೇಲೆ ನಕ್ಕೆ ಅಕ್ಕ. ತಡೆಯಕ್ಕೇ ಆಗ್ಲಿಲ್ಲ."

"ಕೆಲಸ ಹೋಗಿದ್ದಕ್ಕೆ ನಾನು ಅಳ್ಲಿಲ್ಲ ಕಣೆ. ಆಮೇಲೆ ಎಷ್ಟೋ ವರ್ಷ, ಯಾರಾದ್ರೂ ನನ್ನ ಮುಂದೆ ನಕ್ರೆ, ಇವರ ಕೈ ಎಲ್ಲಿದೆ ಅಂತ ನೋಡ್ತಿದ್ದೆ. ಅದಕ್ಕೆ ಅತ್ತೆ."

ದೇವೀರಮ್ಮ ಸೆರಗಿನಲ್ಲಿ ಮುಖ ಮುಚ್ಚಿಕೊಂಡಳು. ಚೆಲುವಾಜಮ್ಮ ನನ್ನ ಮುಚ್ಚಳ ತೆರೆದು ಕ್ಯಾಸೆಟ್ಟನ್ನು ಹೊರಗೆಳೆದಳು. "ಪೆಟ್ಟಿಗೆ ನಿಂದು, ತಗೊಂಡೋಗು. ಮಾತು ನಂದು, ಇಲ್ಲೇ ಇರ್ಲಿ. ಕಾಫಿ ಆರ್ತದೆ, ಕುಡಿ." ಕ್ಷಮಿಸಿದೆ ಎನ್ನಲಿಲ್ಲ. ಮತ್ತೆ ಬಾ ಎಂದೂ ಅನ್ನಲಿಲ್ಲ.

ಈಗ ನಾನು ಗುಜರಿ ಅಂಗಡಿಯಲ್ಲಿ, ಹಳೆಯ ಫ್ಯಾನುಗಳ ಕೆಳಗೆ ಬಿದ್ದಿದ್ದೇನೆ. ಅಂಗಳದಲ್ಲಿ ಇಬ್ಬರು ಹೆಂಗಸರು ತಾಮ್ರದ ತಂತಿ ಬಿಡಿಸುತ್ತಾರೆ. ಇವತ್ತು ಬೆಳಗ್ಗೆ ಒಬ್ಬಳು ಏನೋ ಅಂದಳು, ಲಾರಿಯ ಸದ್ದಿಗೆ ನನಗೆ ಕೇಳಿಸಲಿಲ್ಲ. ಇನ್ನೊಬ್ಬಳು ಕೈಯಲ್ಲಿದ್ದ ತಂತಿ ಬಿಟ್ಟು, ಕಣ್ಣೊರೆಸಿಕೊಳ್ಳುತ್ತ, ಅವಳ ಭುಜಕ್ಕೆ ಒರಗಿ ನಕ್ಕಳು. ಆ ಭುಜ ಅವಳಿಗೆ ಎಂದೂ ತಪ್ಪದಿರಲಿ.