ಪಟ್ಟಿಯಲ್ಲಿ ಮೂವತ್ತೆಂಟನೆಯದು

ಕೀಲಿಯಕ್ಕನ ಅಂಗಡಿಗೇ ಬೀಗ ಬಿತ್ತು ಅಂದರೆ ಬೀದಿಯವರು ನಗಬೇಕೋ ಅಳಬೇಕೋ? ಅರ್ಧ ಊರಿನ ಬಾಗಿಲುಗಳ ಗುಟ್ಟು ಬಲ್ಲ ಹೆಂಗಸು ತನ್ನದೇ ಶಟರಿನ ಮುಂದೆ ಸ್ಟೂಲು ಹಾಕಿಕೊಂಡು ಕುಳಿತಿದ್ದಳು. ಶಟರಿಗೆ ಅಂಟಿಸಿದ ಬ್ಯಾಂಕಿನ ನೋಟಿಸಿನ ಗೋಂದು ಇನ್ನೂ ಹಸಿಯಾಗಿತ್ತು.

ಸಾಲ ಮಾಡಿದ್ದು ಸುಳ್ಳಲ್ಲ, ಏಳು ಕಂತು ತಪ್ಪಿದ್ದೂ ಸುಳ್ಳಲ್ಲ. ಅದನ್ನು ಅವಳು ಯಾರ ಮುಂದೆಯೂ ಮುಚ್ಚಿಟ್ಟವಳಲ್ಲ. ಆದರೆ ಒಂದೇ ಬಡ್ಡಿಯನ್ನು ಎರಡು ಸಲ ಹಾಕಿದ್ದೀರಿ ಅಂತ ಬರೆದುಕೊಟ್ಟ ಕಾಗದಕ್ಕೆ ಬ್ಯಾಂಕಿನವರು ಉತ್ತರ ಕೊಡುವ ಬದಲು ಬೀಗ ಹಿಡಿದು ಬಂದಿದ್ದರು. ಅದಕ್ಕೇ ಅವಳ ವಕೀಲ ಬೆಳಿಗ್ಗೆಯೇ ಕೋರ್ಟಿಗೆ ಓಡಿದ್ದ.

ಒಳಗಡೆ ಆಸ್ಪತ್ರೆಯವರ ಕಪಾಟುಗಳಿಗೆಂದು ಮಾಡಿದ ಎಪ್ಪತ್ತು ಬೀಗಗಳಿಗೆ ಇನ್ನೂ ಸ್ಪ್ರಿಂಗು ಕೂರಿಸಬೇಕಿತ್ತು. ಸಂಜೆ ಐದಕ್ಕೆ ಆಸ್ಪತ್ರೆಯ ಗಾಡಿ ಬರುತ್ತದೆ. ಆಗ ಬೀಗ ಸಿಗದಿದ್ದರೆ ಕೆಲಸ ಬೇರೆಯವರ ಪಾಲು. ಆ ದುಡ್ಡು ಬರದಿದ್ದರೆ ಕೋರ್ಟು ಇಷ್ಟು ಕಟ್ಟು ಅಂದರೆ ಕಟ್ಟುವುದು ಎಲ್ಲಿಂದ?

ಹನ್ನೆರಡಕ್ಕೆ ಫೋನು ಬಂತು.

"ತಡೆಯಾಜ್ಞೆ ಸಿಕ್ತು ಅಕ್ಕಾ!" ವಕೀಲ ಕಿವಿ ಕಿತ್ತುಹೋಗುವಂತೆ ಕೂಗಿದ. "ಮುಂದಿನ ವಿಚಾರಣೆವರೆಗೂ ಅವರು ಅಂಗಡಿ ಮುಟ್ಟೋ ಹಾಗಿಲ್ಲ. ಇವತ್ತು ಬೀಗ ಹಾಕಿದ್ರೆ ಅವರೇ ಇವತ್ತೇ ತೆಗೀಬೇಕು. ಆದ್ರೆ ಎರಡು ವಾರದೊಳಗೆ ಬಾಕೀಲಿ ಕಾಲುಭಾಗ ಕೋರ್ಟಲ್ಲಿ ಕಟ್ಟಬೇಕು."

"ಕಟ್ಟೋಣ. ನೀನು ಆಜ್ಞೆ ಪ್ರತಿ ತಗೊಂಡು ಬಾಪ್ಪಾ ಮೊದಲು."

ಪಕ್ಕದಲ್ಲಿ ನಿಂತಿದ್ದ ಮೈದುನನ ಕೈಯಲ್ಲಿ ಆಗಲೇ ಒಂದು ತಂತಿ ಬಂದಿತ್ತು. "ಅತ್ತಿಗೆ, ಅರ್ಧ ನಿಮಿಷ. ನೀವು ಆ ಕಡೆ ನೋಡ್ತಿರಿ ಸಾಕು."

"ತಂತಿ ಒಳಗಿಡು. ಕೋರ್ಟು ಏನಂತು? ಅವರು ತೆಗೀಬೇಕು ಅಂತು. ನಾವು ಕೈ ಹಾಕಿದ್ರೆ ನಾಳೆ ಅದೇ ಕೋರ್ಟಲ್ಲಿ ಬೀಗ ಒಡೆದವರು ಅನ್ನಿಸ್ಕೋತೀವಿ."

"ಐದಕ್ಕೆ ಗಾಡಿ ಬರುತ್ತಲ್ಲಾ!"

"ಬರ್ಲಿ. ನನ್ನ ಕೈ ನಂಗೊತ್ತು."

ಎರಡೂವರೆಗೆ ವಕೀಲ ಪ್ರತಿ ಹಿಡಿದು ಬಂದ. ಅವನ ಹಿಂದೆಯೇ ಬೆಳಿಗ್ಗೆ ಬೀಗ ಜಡಿದಿದ್ದ ವಸೂಲಿ ಅಧಿಕಾರಿಯೂ ಬೈಕಿನಲ್ಲಿ ಬಂದಿಳಿದ. ಮುಖ ಸಪ್ಪೆ. ಆಜ್ಞೆಯನ್ನು ಎರಡು ಸಲ ಓದಿ, "ಆಯ್ತಮ್ಮಾ, ಕೋರ್ಟು ಹೇಳಿದ ಮೇಲೆ ನಮ್ಮದೇನಿದೆ" ಅಂತ ಜೇಬಿಗೆ ಕೈ ಹಾಕಿದ. ಬಲಗಡೆ ಜೇಬು, ಎಡಗಡೆ ಜೇಬು, ಆಮೇಲೆ ಚೀಲ, ಬೈಕಿನ ಡಬ್ಬಿ. ಕೀಲಿ ಎಲ್ಲೂ ಇಲ್ಲ.

ಕೀಲಿಯಕ್ಕ ಬೆಳಿಗ್ಗೆಯಿಂದ ಕೂತಲ್ಲೇ ಕೂತು, ಅವನು ಬರೆದುಕೊಟ್ಟಿದ್ದ ಜಪ್ತಿ ಸಾಮಾನಿನ ಪಟ್ಟಿಯನ್ನು ಅಕ್ಷರ ಬಿಡದೆ ಓದಿ ಮುಗಿಸಿದ್ದಳು.

"ಹುಡುಕ್ಬೇಡಿ ಸಾರ್. ಮೂವತ್ತೆಂಟನೇದು ಓದಿ."

ಅವನು ಓದಿದ. "ಹಿತ್ತಾಳೆ ಕೀಲಿ, ಕೆಂಪು ದಾರ ಕಟ್ಟಿದ್ದು, ಒಂದು."

"ನಮ್ಮಂಗಡೀಲಿ ಕೀಲಿಗೆ ತಂತಿ ಬಳೆ ಹಾಕ್ತೀವಿ. ದಾರ ಕಟ್ಟೋದು ಯಾರು?"

ಅಧಿಕಾರಿ ಹಣೆ ಚಚ್ಚಿಕೊಂಡ. ಬೆಳಿಗ್ಗೆ ಸಾಮಾನು ಎಣಿಸುವಾಗ ತನ್ನ ಬೀಗದ ಕೀಲಿಯನ್ನು ಅವಳ ಮೇಜಿನ ಮೇಲಿಟ್ಟು, ಆಮೇಲೆ ಅದನ್ನೂ ಅವಳದೇ ಅಂತ ಲೆಕ್ಕಕ್ಕೆ ಹಿಡಿದಿದ್ದ. ಬೀಗವೋ ಅದುಮಿದರೆ ಕಚ್ಚಿಕೊಳ್ಳುವ ಜಾತಿಯದು, ಹಾಕುವಾಗ ಕೀಲಿಯ ನೆನಪೇ ಆಗಿರಲಿಲ್ಲ.

"ಅತ್ತಿಗೇ, ಸಾಹೇಬ್ರು ತಮ್ಮ ಕೀಲೀನೂ ಜಪ್ತಿ ಮಾಡ್ಕೊಂಡವ್ರೆ!" ಮೈದುನ ಹೊಟ್ಟೆ ಹಿಡಿದುಕೊಂಡು ನಕ್ಕ.

"ಇನ್ನೊಂದು ಕೀಲಿ ದೊಡ್ಡಾಫೀಸಲ್ಲಿದೆ, ಬರೋದು ನಾಳೆ," ಅಧಿಕಾರಿ ದನಿ ಇಳಿಸಿದ. "ಅಮ್ಮಾ, ನೀವೇ ತೆಗೆದುಬಿಟ್ರೆ..."

"ಬರೆದುಕೊಡಿ."

"ಏನಂತ?"

"ಕೋರ್ಟಿನ ಆಜ್ಞೆ ಪ್ರಕಾರ ಬೀಗ ತೆಗೀಬೇಕಾದವನು ನಾನು, ನನ್ನ ಕೀಲಿ ಒಳಗೇ ಉಳಿದಿದೆ, ನಾನೇ ಕೇಳ್ಕೊಂಡು ಈಯಮ್ಮನ ಕೈಲಿ ತೆಗೆಸಿದೆ ಅಂತ. ಟೈಮು ಹಾಕಿ ಸಹಿ ಮಾಡಿ."

"ಮೇಲಿನವರು ನನ್ನನ್ನ ಬದುಕೋಕೆ ಬಿಡ್ತಾರಾ?"

"ಆಜ್ಞೆ ಮೀರಿದ್ರೆ ಕೋರ್ಟು ಬಿಡುತ್ತಾ?" ಅಂದ ವಕೀಲ.

ಅಧಿಕಾರಿ ಬೈಕಿನ ಸೀಟಿನ ಮೇಲೆ ಹಾಳೆಯಿಟ್ಟು ಬರೆದ. ಅವಳು ಓದಿ, ಅವನು ಬಿಟ್ಟಿದ್ದ ಒಂದು ಸಾಲನ್ನು ಬರೆಸಿ, ವಕೀಲನ ಕೈಗೆ ಕೊಟ್ಟಳು. ಆಮೇಲೆ ಮೈದುನನ ಕಡೆ ಕೈ ಚಾಚಿ ತಂತಿ ಇಸಿದುಕೊಂಡಳು. ಬೀಗ ಕ್ಲಿಕ್ಕೆಂದಿತು.

"ಬೀಗ ತೆಗೆದ ಕೂಲಿ ಕೊಡಿ ಸಾರ್. ರಸೀದಿ ಕೊಡ್ತೀನಿ."

"ನನ್ನ ಹತ್ರಾನಾ?"

"ಮತ್ತೆ? ಬೀಗ ನಿಮ್ಮದಲ್ವಾ?"

ಅವನು ಸ್ವಂತ ಜೇಬಿನಿಂದ ಕೊಟ್ಟ. ಕೊಡುವಾಗ ಅವನಿಗೂ ನಗು ತಡೆಯಲಾಗಲಿಲ್ಲ.

ಮೂರಕ್ಕೆ ಶುರುವಾದ ಕೆಲಸ ಉಸಿರು ಬಿಡದೆ ನಡೆಯಿತು. ಅವಳು ಸ್ಪ್ರಿಂಗು ಕೂರಿಸುತ್ತಾ ಹೋದಂತೆ ಮೈದುನ ಎಣ್ಣೆ ಹಾಕಿ ಒರೆಸಿದ, ಕೋಟು ಬಿಚ್ಚಿಟ್ಟ ವಕೀಲ ಪೆಟ್ಟಿಗೆಗೆ ತುಂಬಿದ. ಆಸ್ಪತ್ರೆಯ ಗಾಡಿ ಹಾರನ್ ಹೊಡೆದಾಗ ಇನ್ನೂ ನಾಲ್ಕು ಬಾಕಿ. ಡ್ರೈವರು ಬೀಡಿ ಹಚ್ಚಿ ಮುಗಿಸುವಷ್ಟರಲ್ಲಿ ಅವೂ ಮುಗಿದವು.

"ಗೆದ್ದುಬಿಟ್ವಿ ಅತ್ತಿಗೆ!"

"ಗೆದ್ದಿಲ್ಲ ಕಣೋ, ಉಸಿರಾಡೋಕೆ ಜಾಗ ಸಿಕ್ಕಿದೆ ಅಷ್ಟೆ," ಅಂದಳು ಕೀಲಿಯಕ್ಕ, ಡ್ರೈವರು ಕೊಟ್ಟ ಆಸ್ಪತ್ರೆಯವರ ಚೆಕ್ಕನ್ನು ವಕೀಲನಿಗೆ ತೋರಿಸುತ್ತಾ. "ಕಾಲುಭಾಗ ಇಲ್ಲಿದೆ. ಎರಡು ವಾರ ಯಾಕೆ, ನಾಳೇನೇ ಕಟ್ಟಿಬಿಡು. ಆಮೇಲೆ ಆ ಬಡ್ಡಿ ವಿಚಾರ ಮಾತಾಡೋಣ."